ಸಂಪಾದಕೀಯ: ಸಂಕ್ರಾಂತಿ ವಾರದ ಇನ್ನೊಂದು ಹುಟ್ಟುಹಬ್ಬ

ಎಲ್ರಿಗೂ ಸಂಕ್ರಾಂತಿ ಶುಭಾಶಯ. ನಾಳೆ ಬೆಳಗ್ಗೆ ಸಂಚಿಕೆ ಪ್ರಿಂಟಿಗೆ ಹೋಗ್ಬೇಕು, ಈಗ ರಾತ್ರಿ ಹನ್ನೊಂದೂವರೆ, ಹಬ್ಬದ ಬಗ್ಗೆ ನೀವು ಪ್ರೀತಿಯಿಂದ ಬರೆದು ಕಳಿಸಿದ್ದೆಲ್ಲ ಒಳಗಿನ ಪುಟಗಳಲ್ಲಿದೆ, ಓದ್ತಾ ಓದ್ತಾ ನನಗೂ ಮನೆ ನೆನಪಾಗಿ ಗಂಟಲು ಕಟ್ಟಿತು. ಆದ್ರೆ ಈ ಸಲ ಈ ಜಾಗದಲ್ಲಿ ಬೇರೆ ಮಾತು. ಜನವರಿ 15 ಅಮೆರಿಕದಲ್ಲಿ ಕಪ್ಪು ಜನರ ಹಕ್ಕುಗಳಿಗಾಗಿ ಹೋರಾಡಿದ ಮಾರ್ಟಿನ್ ಲೂಥರ್ ಕಿಂಗ್ ಹುಟ್ಟಿದ ದಿನ, 1929ರಲ್ಲಿ, ಅಟ್ಲಾಂಟಾದಲ್ಲಿ. ಅವರ ಹೆಸರಿನ ರಜೆ ಇಲ್ಲಿ ಜನವರಿಯ ಮೂರನೇ ಸೋಮವಾರ ಬರುತ್ತೆ, ಲಾಂಗ್ ವೀಕೆಂಡ್ ಸಿಗುತ್ತಲ್ಲ ಅಂತ ನಮ್ಮ ಕನ್ನಡ ಕೂಟದ ಸಂಕ್ರಾಂತಿ ಪ್ರೋಗ್ರಾಮನ್ನೂ ಅಲ್ಲೇ ಇಟ್ಕೋತೀವಿ, ಆದ್ರೆ ಇಷ್ಟು ವರ್ಷದಲ್ಲಿ ನಮ್ಮ ಸ್ಟೇಜ್ ಮೇಲೆ ಅವರ ಹೆಸರು ಒಂದ್ಸಲಾನೂ ಬಂದಿದ್ದು ನಾನು ಕೇಳಿಲ್ಲ.

ಹೋದ ಬೇಸಿಗೆ ರಜೆಯಲ್ಲಿ ನಾವು ಅಲಬಾಮಾದ ಬರ್ಮಿಂಗ್‌ಹ್ಯಾಮಿಗೆ ಹೋಗಿದ್ವಿ. ಅಲ್ಲಿ ಕಪ್ಪು ಜನರ ಹದಿನಾರನೇ ಬೀದಿಯ ಬ್ಯಾಪ್ಟಿಸ್ಟ್ ಚರ್ಚ್ ಇದೆ. 1963ರ ಸೆಪ್ಟೆಂಬರ್ 15, ಭಾನುವಾರ, ಬೆಳಗ್ಗೆ 10:22ಕ್ಕೆ ಮೆಟ್ಟಿಲ ಕೆಳಗೆ ಬಚ್ಚಿಟ್ಟಿದ್ದ ಡೈನಮೈಟ್ ಸಿಡಿದು, ಆರಾಧನೆಗೆ ರೆಡಿಯಾಗ್ತಿದ್ದ ನಾಲ್ಕು ಹುಡುಗಿಯರು ತೀರಿಕೊಂಡ್ರು. ಆಡಿ ಮೇ ಕಾಲಿನ್ಸ್, ಸಿಂಥಿಯಾ ವೆಸ್ಲಿ, ಕೆರೋಲ್ ರಾಬರ್ಟ್ಸನ್, ಮೂವರಿಗೂ 14 ವರ್ಷ. ಡೆನೀಸ್ ಮೆಕ್‌ನೇರ್‌ಗೆ 11. ಬಣ್ಣದ ಗಾಜಿನ ಒಂದು ಕಿಟಕಿ ಮಾತ್ರ ಹೆಚ್ಚುಕಮ್ಮಿ ಹಾಗೇ ಉಳಿದಿತ್ತಂತೆ, ಅದರಲ್ಲಿದ್ದ ಯೇಸುವಿನ ಮುಖ ಮಾತ್ರ ಹಾರಿಹೋಗಿತ್ತು. ಈಗ ಆ ಚರ್ಚಿನಲ್ಲಿ ಇನ್ನೊಂದು ಕಿಟಕಿ ಇದೆ, ವೇಲ್ಸ್ ದೇಶದ ಜನ ಚಂದಾ ಎತ್ತಿ ಕೊಟ್ಟಿದ್ದು, ಯಾರೋ ಒಬ್ಬ ಶ್ರೀಮಂತ ಪೂರ್ತಿ ದುಡ್ಡು ಕೊಟ್ಟುಬಿಡಬಾರದು ಅಂತ ಒಬ್ಬರಿಂದ ಅರ್ಧ ಕ್ರೌನಿಗಿಂತ, ಅಂದ್ರೆ ಆಗಿನ ಒಂದು ಸಣ್ಣ ನಾಣ್ಯಕ್ಕಿಂತ, ಜಾಸ್ತಿ ತಗೊಳ್ಳಲೇ ಇಲ್ಲ. ಅದರಲ್ಲಿ ಯೇಸು ಕಪ್ಪು ಮನುಷ್ಯ. ಕೈ ಎರಡೂ ಚಾಚಿಕೊಂಡಿದಾನೆ, ಒಂದು ಕೈ ಅನ್ಯಾಯಾನ ತಡೀತಿದೆ, ಇನ್ನೊಂದು ಕ್ಷಮೆ ಕೊಡ್ತಿದೆ. ಕೆಳಗೆ ಬೈಬಲ್‌ನ ಮತ್ತಾಯನ ಸುವಾರ್ತೆಯ 25ನೇ ಅಧ್ಯಾಯದ ಮಾತು, ನೀವು ಮಾಡೋದು ನನಗೇ ಅಂತ. ಗಾಜಿನ ನೀಲಿ ನನ್ನ ಮಗಳ ಕೈಮೇಲೆ ಬಿದ್ದಿತ್ತು. ಅವಳಿಗೂ ಹನ್ನೊಂದೇ. ತುಂಬಾ ಹೊತ್ತು ನೋಡಿ ಕೇಳಿದ್ಲು, ಅಮ್ಮ, ಬಾಂಬ್ ಇಟ್ಟವರೂ ಸಂಡೇ ಚರ್ಚಿಗೆ ಹೋಗ್ತಿದ್ರಾ?

ನಮ್ಮದು ಕ್ರೈಸ್ತ ಮನೆ, ನಿಮಗೆಲ್ಲ ಗೊತ್ತಿರೋದೇ. ಹೌದು ಕಣೇ, ಅವರೂ ತಮ್ಮನ್ನ ಕ್ರೈಸ್ತರು ಅಂತಾನೇ ಕರ್ಕೊಳ್ತಿದ್ರು ಅಂದೆ. ಬೇರೆ ಏನು ಹೇಳಲಿ? ಬಾಂಬ್ ಇಟ್ಟಿದ್ದು ಕು ಕ್ಲಕ್ಸ್ ಕ್ಲಾನ್ ಅನ್ನೋ ಬಿಳಿಯರ ದ್ವೇಷದ ಗುಂಪಿನವರು, ಕಪ್ಪು ಜನರನ್ನ ಹೆದರಿಸೋಕೆ ಆ ಕ್ಲಾನಿನವರು ಸುಡ್ತಿದ್ದಿದ್ದು ಶಿಲುಬೇನೇ. ಬಾಂಬ್ ಇಟ್ಟವರಲ್ಲಿ ಒಬ್ಬನಿಗೆ ಶಿಕ್ಷೆ ಆಗಿದ್ದು 1977ರಲ್ಲಿ, ಇನ್ನಿಬ್ಬರಿಗೆ 2001, 2002ರಲ್ಲಿ, ಆ ಮಕ್ಕಳು ಬದುಕಿದ್ದಿದ್ರೆ ಅಷ್ಟೊತ್ತಿಗೆ ಐವತ್ತು ದಾಟಿರ್ತಿತ್ತು.

ಇದೇನು ಹಳ್ಳಿಗಾಡಿನ ಯಾರೋ ಮೂರ್ಖರ ಕೆಲಸ ಅಂತ ತಳ್ಳಿಹಾಕೋಕಾಗಲ್ಲ. ಗುಲಾಮರನ್ನ ಇಟ್ಟುಕೊಂಡವರೂ ಮಿಷನರಿ ಆಗಬಹುದು ಅನ್ನೋ ಜಗಳದಲ್ಲೇ 1845ರಲ್ಲಿ ಅಮೆರಿಕದ ದಕ್ಷಿಣದ ಬ್ಯಾಪ್ಟಿಸ್ಟ್ ಚರ್ಚುಗಳವರು, ಅಂದ್ರೆ ಸದರ್ನ್ ಬ್ಯಾಪ್ಟಿಸ್ಟರು, ಉತ್ತರದವರಿಂದ ಬೇರೆ ಆಗಿದ್ದು, ಅದಕ್ಕೆ ಅವರು ಕ್ಷಮೆ ಕೇಳಿದ್ದು 1995ರಲ್ಲಿ. 1807ರಲ್ಲಿ ಲಂಡನ್ನಿನಲ್ಲಿ ಗುಲಾಮರಿಗೋಸ್ಕರ ಒಂದು ಬೈಬಲ್ ಅಚ್ಚಾಯ್ತು, ಮೋಶೆ ಗುಲಾಮರಾಗಿದ್ದ ತನ್ನ ಜನರನ್ನ ಐಗುಪ್ತದಿಂದ, ಅಂದ್ರೆ ಈಜಿಪ್ಟಿನಿಂದ, ಬಿಡಿಸಿಕೊಂಡು ಹೋದ ಕಥೇನ ಅದರಿಂದ ಕಿತ್ತುಹಾಕಿದ್ರು. ಆದ್ರೂ ಆ ಕಥೆ ಅವರಿಗೆ ತಲುಪಿತು, ಗುಲಾಮರನ್ನ ರಾತ್ರೋರಾತ್ರಿ ಪಾರುಮಾಡ್ತಿದ್ದ ಹ್ಯಾರಿಯಟ್ ಟಬ್‌ಮನ್‌ಗೆ ಜನ ಮೋಶೆ ಅಂತಾನೇ ಹೆಸರಿಟ್ಟಿದ್ರು. ಫಿಲಡೆಲ್ಫಿಯಾದ ಚರ್ಚೊಂದರಲ್ಲಿ ಮೊಣಕಾಲೂರಿ ಪ್ರಾರ್ಥನೆ ಮಾಡ್ತಿದ್ದ ಕಪ್ಪು ಜನರನ್ನ ಅಲ್ಲಿನ ಬಿಳಿಯರು ಎಬ್ಬಿಸೋಕೆ ಬಂದಾಗ ಅವರು ಎದ್ದು ಹೊರಗೇ ನಡೆದ್ರು, ಅವರಲ್ಲಿ ಒಬ್ಬರಾದ ರಿಚರ್ಡ್ ಅಲೆನ್ 1794ರಲ್ಲಿ ಶುರುಮಾಡಿದ ಮದರ್ ಬೆಥೆಲ್ ಚರ್ಚು ಇವತ್ತಿಗೂ ಇದೆ. ನನ್ನ ನಂಬಿಕೆಯನ್ನ ಈ ದೇಶದಲ್ಲಿ ಉಳಿಸಿದ್ದು ಇವರು. ಬೈಬಲ್ ಕೈಯಲ್ಲಿ ಹಿಡಿದು ಹೊಡೆದವರಲ್ಲ, ಹೊಡೆಸಿಕೊಂಡೂ ಅದನ್ನ ನಂಬಿದವರು.

1963ರ ಏಪ್ರಿಲ್‌ನಲ್ಲಿ ಕಿಂಗ್ ಅದೇ ಬರ್ಮಿಂಗ್‌ಹ್ಯಾಮಿನ ಜೈಲಿನಿಂದ, ನ್ಯೂಸ್ ಪೇಪರ್ ಅಂಚಿನಲ್ಲೆಲ್ಲ ಬರೆದ ಪತ್ರ ಕ್ಲಾನಿನವರಿಗಲ್ಲ, ಸ್ವಲ್ಪ ತಡ್ಕೊಳ್ಳಿ ಅಂತಿದ್ದ ಎಂಟು ಜನ ಬಿಳಿಯ ಧರ್ಮಗುರುಗಳಿಗೆ. ನ್ಯಾಯಕ್ಕಿಂತ ಗಲಾಟೆ ಇಲ್ಲದಿರೋದೇ ಮುಖ್ಯ ಅನ್ನೋ ಒಳ್ಳೆಯವರಿಂದಲೇ ತನಗೆ ಹೆಚ್ಚು ನಿರಾಶೆ ಅಂತ ಅದರಲ್ಲಿದೆ. ಆ ಒಳ್ಳೆಯವರಲ್ಲಿ ನಾವೂ ಇದೀವಿ ಅಂತ ನನ್ನ ಖಚಿತ ಅಭಿಪ್ರಾಯ. ಕಪ್ಪು ಜನ ಇರೋ ಆ ಏರಿಯಾದಲ್ಲಿ ಮನೆ ತಗೋಬೇಡಿ, ಅವರ ಮಕ್ಕಳ ಜೊತೆ ಸೇರಿಸಬೇಡಿ, ಇದೆಲ್ಲ ನಮ್ಮ ಪಾಟ್‌ಲಕ್‌ಗಳಲ್ಲಿ ಕೇಳಿರೋ ಮಾತೇ. 1959ರಲ್ಲಿ ಕಿಂಗ್ ಭಾರತಕ್ಕೆ ಹೋದಾಗ ತಿರುವನಂತಪುರದ ಸ್ಕೂಲೊಂದರಲ್ಲಿ ಅವರನ್ನ ಅಮೆರಿಕದ ಅಸ್ಪೃಶ್ಯರು ಅಂತ ಪರಿಚಯಿಸಿದ್ರಂತೆ, ಮೊದಲು ಬೇಜಾರಾಗಿ ಆಮೇಲೆ ಹೌದು ನಾನೂ ಅಸ್ಪೃಶ್ಯನೇ ಅಂತ ಅನ್ನಿಸಿತು ಅಂತ ಅವರೇ ಹೇಳಿದಾರೆ. ಜಾತಿ ನೋಡಿ ಬೆಂಚು, ಸ್ಮಶಾನ ಬೇರೆ ಮಾಡಿದ ಚರ್ಚುಗಳು ನಮ್ಮ ದೇಶದಲ್ಲೂ ಇವೆ, ಹಾಗಾಗಿ ಇದು ನಮಗೆ ಅರ್ಥವಾಗದ ವಿಷಯ ಅಲ್ಲ.

ಇನ್ನೊಂದು ಮಾತು. ಅಮೆರಿಕಕ್ಕೆ ಬಂದು ನೆಲೆಸೋಕೆ 1946ರ ಕಾನೂನಿನಲ್ಲಿ ಭಾರತಕ್ಕೆ ಇದ್ದ ಕೋಟಾ ವರ್ಷಕ್ಕೆ 100 ಜನ. ಹುಟ್ಟಿದ ದೇಶ ನೋಡಿ ಬಾಗಿಲು ಹಾಕೋ ಆ ಪದ್ಧತಿ ಹೋಗಿದ್ದು 1965ರಲ್ಲಿ, ನಾಗರಿಕ ಹಕ್ಕುಗಳ ಹೋರಾಟದ ಬಿಸಿಯಲ್ಲೇ. ನಮ್ಮ ಕೂಟ ಕಟ್ಟಿದ ಹಿರಿಯರು ಬಂದಿದ್ದು ಆ ಬಾಗಿಲಿಂದ.

ಜಾಗ ಮುಗೀತಾ ಬಂತು, ಬೇಗ ಬೇಗ ಹೇಳ್ತೀನಿ. ಸಂಕ್ರಾಂತಿ ಪ್ರೋಗ್ರಾಮ್ ಶನಿವಾರ ಸಂಜೆ ನಾಲ್ಕಕ್ಕೆ, ಮಕ್ಕಳ ಡ್ಯಾನ್ಸ್ ರಿಹರ್ಸಲ್ ಎರಡಕ್ಕೇ, ದಯವಿಟ್ಟು ಲೇಟ್ ಮಾಡಬೇಡಿ. ಮೆಂಬರ್‌ಶಿಪ್ ರಿನ್ಯೂಯಲ್ ಈ ತಿಂಗಳ ಕೊನೆವರೆಗೆ. ಕನ್ನಡ ಕ್ಲಾಸು ಮುಂದಿನ ಭಾನುವಾರದಿಂದ ಶುರು, ಇಬ್ಬರು ಟೀಚರ್ ಬೇಕೇ ಬೇಕು. ಆ ಕ್ಲಾಸಿಗೆ ಬಾಡಿಗೆ ಇಲ್ಲದೆ ರೂಮ್ ಕೊಟ್ಟಿರೋದು ಕಪ್ಪು ಜನರ ಒಂದು ಚರ್ಚು, ಸೋಮವಾರ ಬೆಳಗ್ಗೆ ಎಂಟಕ್ಕೆ ಅಲ್ಲಿ ಕಿಂಗ್ ದಿನದ ಊಟದ ಪೊಟ್ಟಣ ಕಟ್ಟೋ ಸೇವೆ ಇದೆ, ಆಮೇಲೆ ಮೆರವಣಿಗೆ. ನಮ್ಮ ಕಡೆಯಿಂದ ಇದುವರೆಗೆ ಹೆಸರು ಕೊಟ್ಟಿರೋದು ನಮ್ಮ ಮನೆಯವರು ಮಾತ್ರ. ಯಾವ ಧರ್ಮದವರಾದ್ರೂ ಬನ್ನಿ, ಮಕ್ಕಳನ್ನ ಕರ್ಕೊಂಡು ಬನ್ನಿ, ಕಾರ್ ಇಲ್ಲದ ಹಿರಿಯರನ್ನ ಕರ್ಕೊಂಡು ಬರೋಕೆ ಡ್ರೈವರ್‌ಗಳೂ ಬೇಕು. ಮತ್ತೆ ಮುಂದಿನ ಸಂಚಿಕೆಯ ಪ್ರೂಫ್ ನೋಡೋಕೆ ಯಾರಾದ್ರೂ ಸಿಕ್ಕಿದ್ರೆ ದೊಡ್ಡ ಉಪಕಾರ, ನಾನೊಬ್ಬಳೇ ಮಾಡೋಕೆ ಆಗ್ತಾ ಇಲ್ಲ.