ರಾತ್ರಿ ಪಾಳಿಯವರ ಗಮನಕ್ಕೆ: ಆಮ್ಲಜನಕದ ಅಲಾರಂ

ನವಜಾತ ಶಿಶು ಘಟಕದ ಎಲ್ಲರಿಗೂ ನಮಸ್ಕಾರ. ನಿನ್ನೆ ರಾತ್ರಿ ಎರಡು ಮಾನಿಟರ್‌ಗಳಲ್ಲಿ ಮೇಲ್ಮಿತಿಯ ಅಲಾರಂ ಬಂದ್ ಆಗಿತ್ತು. ದಯವಿಟ್ಟು ಹಾಗೆ ಮಾಡಬೇಡಿ. ಅವಧಿಗೆ ಮುನ್ನ ಹುಟ್ಟಿ ಆಮ್ಲಜನಕ ಪಡೆಯುತ್ತಿರುವ ಕೂಸಿನ ರಕ್ತದಲ್ಲಿ ಆಮ್ಲಜನಕದ ಮಟ್ಟ (SpO2) ಶೇ. 90ರಿಂದ 95 ಇರಬೇಕು ಎಂಬುದು ನಮ್ಮ ಗುರಿ. ಪರದೆಯ ಮೇಲೆ 99 ಕಂಡು ಸಮಾಧಾನಪಡುವಂತಿಲ್ಲ. ಹೆಚ್ಚಾದ ಆಮ್ಲಜನಕ ಅಕ್ಷಿಪಟಲದ ಎಳೆಯ ರಕ್ತನಾಳಗಳನ್ನು ಕೆಡಿಸುತ್ತದೆ, ದೃಷ್ಟಿಯೇ ಹೋಗಬಹುದು. ಅಲಾರಂ ಮಿತಿಯನ್ನು 89 ಮತ್ತು 95ಕ್ಕೆ ಇಡಿ. 95 ಮೀರಿದರೆ ಬ್ಲೆಂಡರ್‌ನಲ್ಲಿ (ಗಾಳಿ ಮತ್ತು ಆಮ್ಲಜನಕ ಬೆರೆಸುವ ಸಾಧನ) ಆಮ್ಲಜನಕವನ್ನು ಸ್ವಲ್ಪ ಸ್ವಲ್ಪವಾಗಿ ಇಳಿಸಿ, ಒಮ್ಮೆಲೇ ನಿಲ್ಲಿಸಬೇಡಿ. (ಹೊರಗಿನ ಆಮ್ಲಜನಕವಿಲ್ಲದೆ ಉಸಿರಾಡುವ ಮಗುವಿಗೆ 99 ಬಂದರೆ ಚಿಂತೆಯಿಲ್ಲ.)

ಪ್ರೋಬ್ (ಮಗುವಿನ ಮೈಗೆ ಅಂಟಿಸಿರುವ ಸಂವೇದಕ) ಸಡಿಲವಾಗಿದ್ದರೆ ಅಂಕಿಯನ್ನು ನಂಬಬೇಡಿ. ಮೊದಲು ಮಗುವಿನ ಬಣ್ಣ, ಉಸಿರು ನೋಡಿ.

2 ಕಿಲೋಗಿಂತ ಕಡಿಮೆ ತೂಕದ ಅಥವಾ 34 ವಾರಕ್ಕೆ ಮುಂಚೆ ಹುಟ್ಟಿದ ಮಕ್ಕಳ ಮೊದಲ ಕಣ್ಣಿನ ತಪಾಸಣೆ 30 ದಿನದೊಳಗೆ ಆಗಲೇಬೇಕು. ಬಿಡುಗಡೆ ಚೀಟಿಯಲ್ಲಿ ದಿನಾಂಕ ಬರೆಯಿರಿ, ತಾಯಿಗೆ ಬಾಯಲ್ಲೂ ಹೇಳಿ.