ಬೇಲಿ ಹಾಕಿಸುವ ಮುಂಚೆ

ಮಾನ್ಯ ಸಂಪಾದಕರೇ,

ಅಮೆರಿಕದ ವರ್ಜೀನಿಯಾದಲ್ಲಿ, ಫೇರ್‌ಫ್ಯಾಕ್ಸ್ ಕೌಂಟಿಯಲ್ಲಿರುವ (ಕೌಂಟಿ ಅಂದರೆ ನಮ್ಮ ಜಿಲ್ಲೆಯ ಹಾಗೆ) ಮಗಳ ಮನೆಯಲ್ಲಿ ಮೂರು ತಿಂಗಳು ಇದ್ದು ಬಂದೆ. ಮನೆ ಮುಂದೆ ಬೇಲಿ ಹಾಕಿಸುವ ಮಾತು ಬಂತು. 'ನಮ್ಮ ಜಾಗ ತಾನೇ, ಆರಡಿ ಎತ್ತಿಸಿಬಿಡಿ' ಎಂದೆ. ಅಳಿಯಂದಿರು ನಕ್ಕರು. ಮುಂದೆ 4 ಅಡಿ, ಪಕ್ಕ ಮತ್ತು ಹಿಂದೆ 7 ಅಡಿ, ಅಷ್ಟೇ ಕೌಂಟಿಯ ಮಿತಿಯಂತೆ. ಅರ್ಧ ಎಕರೆಗಿಂತ ಚಿಕ್ಕ ಸೈಟಿನಲ್ಲಿ ಹುಲ್ಲು 12 ಇಂಚು ದಾಟುವಂತಿಲ್ಲ. 2 ಎಕರೆ ಇಲ್ಲದವರು ನಾಲ್ಕು ಕೋಳಿ ಸಾಕಬೇಕಾದರೂ ವಿಶೇಷ ಅನುಮತಿ ಕೇಳಬೇಕು!

ಇದ್ಯಾಕೋ ಜಾಸ್ತಿಯಾಯ್ತು ಅನ್ನಿಸಿತು. ಆದರೆ ಕೌಂಟಿಯ ನಕ್ಷೆಯಲ್ಲಿ ವಿಳಾಸ ಹಾಕಿದರೆ ಸೈಟು ಯಾವ ವಲಯದ್ದು, ಅಂದರೆ ಯಾವ ಬಗೆಯ ಬಳಕೆಗೆ ಗುರುತಿಸಿದ ಜಾಗ ಎಂದು ತಕ್ಷಣ ಗೊತ್ತಾಗುತ್ತದೆ. ಅರ್ಥವಾಗದಿದ್ದರೆ ಕಚೇರಿಗೆ ಫೋನ್ ಮಾಡಿ ಕೇಳಬಹುದು.

ಅಲ್ಲಿ ಮನೆ ಕೊಳ್ಳುವ ನಮ್ಮ ಹುಡುಗರು ಒಂದು ಗಮನಿಸಲಿ: ಬಡಾವಣೆ ಸಂಘದ ನಿಯಮಗಳು ಬೇರೆಯೇ ಇರುತ್ತವೆ. ಕೌಂಟಿ ಒಪ್ಪಿದ ಬೇಲಿಯನ್ನೂ ಸಂಘ ಬೇಡ ಅನ್ನಬಹುದು. ಎರಡನ್ನೂ ಓದಿಯೇ ಸಹಿ ಹಾಕಬೇಕು.

ನಾನು ಮೈಸೂರಿನಲ್ಲಿ ಮನೆ ಕಟ್ಟಿಸಿದಾಗ ಸುತ್ತ ಎಷ್ಟು ಜಾಗ ಬಿಡಬೇಕೆಂದು ಹೇಳಿದ್ದು ನಮ್ಮ ಮೇಸ್ತ್ರಿ. ನಾನೂ ಸುಮ್ನೆ ತಲೆಯಾಡಿಸಿದ್ದೆ.

– ನಿವೃತ್ತ ಶಿಕ್ಷಕಿ, ಮೈಸೂರು