ಪಟೇಜಿಯಂ ಅಂದರೆ ಯಾವುದು?

ಎಲ್ಲರಿಗೂ ನಮಸ್ಕಾರ.

ನಮ್ಮ ಗುಂಪಿನಲ್ಲಿ ಹಾರುವ ಓತಿಯ ಫೋಟೋ ಕೆಳಗೆ ಒಬ್ಬರು ‘ಪಟೇಜಿಯಂ ಚೆನ್ನಾಗಿ ಬಂದಿದೆ’ ಅಂತ ಬರೆದಿದ್ದರು. ಹಾಗಂದ್ರೇನು ಅಂತ ಸುಮಾರು ಜನ ಕೇಳಿದ್ದೀರಿ.

ಗ್ರೀಕ್‌ನಿಂದ ಲ್ಯಾಟಿನ್‌ಗೆ ಬಂದ ಪದ. ರೋಮ್‌ನ ಹೆಂಗಸರ ಉಡುಪಿನ ಜರಿ ಅಂಚಿಗೆ ಹಾಗೆನ್ನುತ್ತಿದ್ದರು. ಈಗ ಪ್ರಾಣಿಗಳು ತೇಲಲು, ಹಾರಲು ಬಳಸುವ ಚರ್ಮದ ಪದರಕ್ಕೆ ಅದೇ ಹೆಸರು.

ಶಿರಸಿ ಕಡೆ ಅಡಿಕೆ ತೋಟದಲ್ಲಿ ಸ್ವಲ್ಪ ಹೊತ್ತು ನಿಂತು ನೋಡಿ. ಮರಕ್ಕೆ ಅಂಟಿ ಕೂತ ಓತಿ ಬೇಗ ಕಣ್ಣಿಗೆ ಬೀಳುವುದೇ ಇಲ್ಲ. ಜಿಗಿದರೆ ಮಾತ್ರ ಉದ್ದ ಬೆಳೆದ ಪಕ್ಕೆಲುಬುಗಳು ಕೊಡೆಯ ಕಡ್ಡಿಯ ಹಾಗೆ ಬಿಚ್ಚಿಕೊಂಡು ಚರ್ಮ ಅಗಲವಾಗುತ್ತದೆ. ಪಕ್ಕದ ಮರ ಮುಟ್ಟಿದ ಕೂಡಲೇ ಮಡಚಿ ಆಯ್ತು! ಗಂಡು ಓತಿ ಗಂಟಲಡಿ ಬೀಸುವ ಹಳದಿ ಚರ್ಮ ಇದಲ್ಲ. ಅದು ಗಂಗೆದೊಗಲು. ಜಾಸ್ತಿ ಗೊಂದಲ ಆಗುವುದು ಇಲ್ಲೇ.

ಹಾರುಬೆಕ್ಕಿಗೆ, ಅಂದರೆ ಹಾರುವ ಅಳಿಲಿಗೆ, ಈ ಚರ್ಮ ಮುಂಗಾಲಿನಿಂದ ಹಿಂಗಾಲಿನವರೆಗೆ ಇರುತ್ತದೆ, ಪಕ್ಕೆಲುಬಿನ ಆಸರೆ ಇಲ್ಲ. ಓತಿಯೂ ಅದೂ ತೇಲುತ್ತವೆ ಅಷ್ಟೇ. ಬಾವಲಿ ನಿಜವಾಗಿಯೂ ಹಾರುತ್ತದೆ, ಅದರ ಬೆರಳುಗಳ ನಡುವೆಯೂ ಇದೇ ಚರ್ಮ. ಹಕ್ಕಿಗಳಿಗೆ ಭುಜದಿಂದ ಮಣಿಕಟ್ಟಿನವರೆಗೆ ರೆಕ್ಕೆಯ ಮುಂದಿನ ಅಂಚಿನಲ್ಲಿದೆ. ರಣಹದ್ದುಗಳಿಗೆ ನಂಬರ್ ಟ್ಯಾಗ್ ಹಾಕುವುದು ಅಲ್ಲೇ. ಪತಂಗಗಳಲ್ಲಿ ಮಾತ್ರ ಕತ್ತಿನ ಹತ್ತಿರದ ಎರಡು ಪುಟ್ಟ ಪದರಗಳಿಗೆ ಈ ಹೆಸರು. ಹಾರಾಟಕ್ಕೂ ಅದಕ್ಕೂ ಸಂಬಂಧವಿಲ್ಲ, ಹೆಸರಿಟ್ಟವರನ್ನೇ ಕೇಳಬೇಕು!

ಫೋಟೋ ಹಾಕುವಾಗ ‘ತೇಲುಚರ್ಮ’ ಅಂತ ಬರೆದರೂ ನಡೆಯುತ್ತದೆ. ಆದರೆ ಅದು ಬಿಚ್ಚಿಕೊಳ್ಳಲಿ ಅಂತ ಓತಿಗೆ ಕಲ್ಲು ಹೊಡೆಯುವುದು, ಮರ ಅಲುಗಿಸುವುದು ಬೇಡ. ಅಂಥ ವಿಡಿಯೋ ಬಂದರೆ ಅಡ್ಮಿನ್ ತೆಗೆದುಹಾಕುತ್ತಾರೆ.